ಅಕ್ಷರ ಎಲ್ಲಾ ಬರುತ್ತೆ, ಓದೋಕೆ ಬರಲ್ಲ: ಮನೇಲಿ ಮಕ್ಕಳಿಗೆ ಕನ್ನಡ ಓದು ಕಲಿಸೋದು ಹೇಗೆ

ಹೋದ ವರ್ಷ ಬೇಸಿಗೇಲಿ ಕಬ್ಬಿನ ಗಾಡಿ ಹತ್ರ ನಿಂತಿದ್ವಿ, ಮಗನಿಗೆ ಆಗ ಏಳು ವರ್ಷ, ಗಾಡಿ ಮೇಲೆ ಕೆಂಪು ಪೇಂಟಲ್ಲಿ ದೊಡ್ಡದಾಗಿ 'ಕಬ್ಬಿನ ಹಾಲು' ಅಂತ ಬರ್ದಿತ್ತು, ಓದೋ ನೋಡೋಣ ಅಂದೆ. "ಕ... ಬಿ... ಬ... ನ... ಕಬಿಬನ ಹಾಲು" ಅಂದ. ಗಾಡಿಯವನು ನಕ್ಕ, ನಾನೂ ನಕ್ಬಿಟ್ಟೆ, ಹುಡುಗನ ಮುಖ ಸಣ್ಣಗಾಯ್ತು. ಅಆಇಈ ಪೂರ್ತಿ ಬರುತ್ತೆ, ಕಾಗುಣಿತ ರಾಗವಾಗಿ ಹಾಡ್ತಾನೆ, ಸ್ಕೂಲ್ ಟೆಸ್ಟಲ್ಲಿ ಹತ್ತಕ್ಕೆ ಹತ್ತು, ಆದ್ರೂ ಒಂದು ಬೋರ್ಡ್ ಓದೋಕೆ ಆಗ್ತಿಲ್ವಲ್ಲ ಅಂತ ನಂಗೆ ಟೆನ್ಶನ್ ಶುರುವಾಯ್ತು. ಟೀಚರ್ ಹತ್ರ ಕೇಳಿದ್ರೆ "ಮನೇಲಿ ಪ್ರಾಕ್ಟೀಸ್ ಮಾಡ್ಸಿ" ಅಂದ್ರು. ಏನು ಪ್ರಾಕ್ಟೀಸ್, ಹೆಂಗೆ ಅಂತ ಹೇಳ್ಲಿಲ್ಲ.

ಆಮೇಲೆ ನಾನೇ ಕೂತ್ಕೊಂಡು, ಜನ ಓದೋದು ಹೇಗೆ, ಓದು ಕಲಿಯೋದು ಹೇಗೆ ಅಂತ ಸಂಶೋಧಕರು ಏನೇನು ಹೇಳಿದಾರೆ ಅದನ್ನೆಲ್ಲ ಸಿಕ್ಕಷ್ಟು ಓದ್ದೆ, ಮನೇಲಿ ಟ್ರೈ ಮಾಡ್ದೆ, ಕೆಲವು ಕೈ ಕೊಟ್ವು, ಕೆಲವು ಕೆಲಸ ಮಾಡಿದ್ವು. 2015ರ ಕನ್ನಡ ಭಾಷಾ ಕಲಿಕೆ ಕಾಯ್ದೆ ಪ್ರಕಾರ 2017-18ರಿಂದ ಹಂತ ಹಂತವಾಗಿ ಎಲ್ಲಾ ಸ್ಕೂಲಲ್ಲೂ ಕನ್ನಡ ಇದ್ದೇ ಇದೆ, ಹಂಗಾಗಿ ಇಂಗ್ಲಿಷ್ ಮೀಡಿಯಂ ಮಕ್ಕಳ ಅಪ್ಪ ಅಮ್ಮಂದಿರೆಲ್ಲ ಇದೇ ದೋಣೀಲಿ ಇದಾರೆ ಅನ್ಕೋತೀನಿ. ಇದು ನಿಮಗೆ.

ಹೆಜ್ಜೆ 1: ಮೊದಲು ತೊಂದ್ರೆ ಎಲ್ಲಿದೆ ಅಂತ ಪತ್ತೆ ಹಚ್ಚಿ

1986ರಲ್ಲಿ ಫಿಲಿಪ್ ಗಫ್, ವಿಲಿಯಂ ಟನ್ಮರ್ ಅಂತ ಇಬ್ಬರು ಒಂದು ಸರಳ ಲೆಕ್ಕ ಕೊಟ್ರು. ಓದಿ ಅರ್ಥ ಮಾಡ್ಕೊಳೋ ಶಕ್ತಿ ಅಂದ್ರೆ ಎರಡು ವಿಷಯದ ಗುಣಾಕಾರ: ಒಂದು, ಬರ್ದಿರೋದನ್ನ ಬಿಡಿಸಿ ಶಬ್ದ ಮಾಡೋದು, ಇನ್ನೊಂದು, ಆ ಭಾಷೆಯನ್ನ ಕಿವೀಲಿ ಕೇಳಿದ್ರೆ ಅರ್ಥ ಆಗೋದು. ಕೂಡೋದಲ್ಲ, ಗುಣಿಸೋದು, ಅದೇ ಪಾಯಿಂಟು. ಒಂದು ಕಡೆ ಸೊನ್ನೆ ಇದ್ರೆ ಇನ್ನೊಂದು ಕಡೆ ನೂರಿದ್ರೂ ಉತ್ತರ ಸೊನ್ನೆ. ಸಂಸ್ಕೃತ ಗೊತ್ತಿಲ್ಲದೇ ಇದ್ರೂ ನಮ್ಮ ಅಜ್ಜಿ ಕನ್ನಡ ಅಕ್ಷರದಲ್ಲಿ ಪ್ರಿಂಟಾಗಿರೋ ಸ್ತೋತ್ರನ ಗಡಗಡ ಓದ್ತಾರೆ, ಅರ್ಥ ಕೇಳಿದ್ರೆ "ಅದೆಲ್ಲ ದೇವರಿಗೆ ಗೊತ್ತು ಬಿಡು" ಅಂತಾರೆ. ಅದು ಒಂದು ತುದಿ. ನನ್ನ ಮಗ ಇನ್ನೊಂದು ತುದಿ, ಕಥೆ ಹೇಳಿದ್ರೆ ಎಲ್ಲಾ ಅರ್ಥ ಆಗುತ್ತೆ, ಪುಟ ಮುಂದೆ ಇಟ್ರೆ ಕಲ್ಲು.

ಹಂಗಾಗಿ ಮನೇಲೇ ಹತ್ತು ನಿಮಿಷದ ಟೆಸ್ಟ್ ಮಾಡಿ. ಮಗುಗೆ ಗೊತ್ತಿಲ್ಲದ ಒಂದು ಚಿಕ್ಕ ಕಥೆ ತಗೊಳ್ಳಿ, ಅರ್ಧ ಅದು ಓದ್ಲಿ, ಅರ್ಧ ನೀವು ಓದಿ ಹೇಳಿ, ಎರಡರಿಂದಲೂ ನಾಲ್ಕು ನಾಲ್ಕು ಪ್ರಶ್ನೆ ಕೇಳಿ. ನೀವು ಓದಿದ್ದು ಅರ್ಥ ಆಗಿ ತಾನು ಓದಿದ್ದು ಅರ್ಥ ಆಗಿಲ್ಲ ಅಂದ್ರೆ ಸಮಸ್ಯೆ ಅಕ್ಷರ ಬಿಡಿಸೋದರಲ್ಲಿ, 2ರಿಂದ 6ರವರೆಗಿನ ಹೆಜ್ಜೆ ನಿಮಗೆ. ನೀವು ಓದಿದ್ದೂ ಅರ್ಥ ಆಗ್ಲಿಲ್ಲ ಅಂದ್ರೆ, ಮನೇಲಿ ಬೇರೆ ಭಾಷೆ ಮಾತಾಡೋ ಮಕ್ಕಳಲ್ಲಿ ಇದು ಜಾಸ್ತಿ, ಅಕ್ಷರ ಎಷ್ಟು ತಿದ್ದಿಸಿದ್ರೂ ಪ್ರಯೋಜನ ಇಲ್ಲ, ಸೀದಾ 8ನೇ ಹೆಜ್ಜೆಗೆ ಹೋಗಿ. ಎರಡೂ ಇದ್ರೆ ಎರಡೂ ಒಟ್ಟಿಗೆ ಮಾಡ್ಬೇಕು.

ಹೆಜ್ಜೆ 2: ಪುಸ್ತಕ ಮುಚ್ಚಿಟ್ಟು ಕಿವಿ ಆಟ

ಓದೋದು ಕಣ್ಣಿನ ಕೆಲಸ ಅಂತ ನಾನಂತೂ ನಂಬಿದ್ದೆ. ನಿಜ ಏನಂದ್ರೆ ಮಾತಿನೊಳಗೆ ಸಣ್ಣ ಸಣ್ಣ ತುಂಡುಗಳಿವೆ ಅಂತ ಕಿವಿಗೆ ಗೊತ್ತಾಗದೆ ಅಕ್ಷರ ಅಂಟಲ್ಲ. ಇಂಗ್ಲಿಷಲ್ಲಿ ಆ ತುಂಡು ಒಂದೊಂದು ಧ್ವನಿ. ನಮ್ಮಲ್ಲಿ ತುಂಡು ಅಂದ್ರೆ ಅಕ್ಷರ, 'ಕ' ಅಂದ್ರೆ ವ್ಯಂಜನ ಸ್ವರ ಎರಡೂ ಸೇರಿದ ಒಂದು ಗುಳಿಗೆ. ಇದಕ್ಕೆ ಪುರಾವೆ ಬೇಕಾದ್ರೆ ಕಿಟಕಿ, ಕನಕ, ಗದಗ ಇವನ್ನ ಉಲ್ಟಾ ಹೇಳಿ ನೋಡಿ, ಹಂಗೇ ಬರುತ್ತೆ, 'ಕುಬೇರನಿಗೇನಿರಬೇಕು' ಕೂಡ ಹಂಗೇ. ನಾವು ಚಿಕ್ಕೋರಿದ್ದಾಗ ಆಡ್ತಿದ್ದ ಈ ಉಲ್ಟಾ ಆಟ ಅಕ್ಷರದ ಮಟ್ಟದಲ್ಲಿ ಮಾತ್ರ ಕೆಲಸ ಮಾಡುತ್ತೆ, ಬಿಡಿ ಬಿಡಿ ಧ್ವನಿ ಮಾಡಿ ತಿರುಗಿಸಿದ್ರೆ 'ಕಿಟಕಿ' 'ಇಕಟಿಕ್' ಆಗ್ಬಿಡುತ್ತೆ.

ಆಟ ಹಿಂಗೆ. ಊಟಕ್ಕೆ ಕೂತಾಗ, ಸಿಗ್ನಲ್‌ನಲ್ಲಿ ನಿಂತಾಗ, ಯಾವಾಗ್ ಬೇಕಾದ್ರೂ. ಬಾಳೆಹಣ್ಣು ಅಂತ ಹೇಳ್ತಾ ಎಷ್ಟು ಚಪ್ಪಾಳೆ? 'ಕಮಲ'ದಲ್ಲಿ 'ಕ' ತೆಗೆದ್ರೆ ಏನು ಉಳಿಯುತ್ತೆ? (ಇದನ್ನ ಕೇಳಿದ್ರೆ ಮಕ್ಕಳು ಬಿದ್ದು ಬಿದ್ದು ನಗ್ತಾರೆ, ನೆಂಟರ ಮುಂದೆ ಬೇಡ.) 'ಮರ'ದಲ್ಲಿ 'ಮ' ಜಾಗಕ್ಕೆ 'ಸ' ಹಾಕಿದ್ರೆ? ಅಂತ್ಯಾಕ್ಷರಿನೂ ಇದೇ ವ್ಯಾಯಾಮ, ಸಿನಿಮಾ ಹಾಡೇ ಆಗ್ಬೇಕು ಅಂತಿಲ್ಲ, ತರಕಾರಿ ಹೆಸರು ಆದ್ರೂ ಸಾಕು.

ಒಂದು ಎಚ್ಚರಿಕೆ. ಇಂಗ್ಲಿಷ್ ಫೋನಿಕ್ಸ್ ಕ್ಲಾಸ್ ನೋಡಿ ಬಂದು 'ಕ್' ಬೇರೆ 'ಅ' ಬೇರೆ ಅಂತ ಮೊದಲ ದಿನದಿಂದ ಬಿಡಿಸೋಕೆ ಹೋಗ್ಬೇಡಿ. ಕನ್ನಡ ಮಕ್ಕಳು ಓದು ಕಲಿಯೋದನ್ನ ಹತ್ತಿರದಿಂದ ನೋಡಿದ ಸೊನಾಲಿ ನಾಗ್ ಅವರ 2007ರ ಅಧ್ಯಯನದಲ್ಲಿ ಬಂದಿದ್ದು ಏನಂದ್ರೆ ಅಕ್ಷರದ ಮಟ್ಟದ ಅರಿವು ಬೇಗ ಬರುತ್ತೆ, ಬಿಡಿ ಧ್ವನಿಯ ಅರಿವು ನಿಧಾನಕ್ಕೆ ಬರುತ್ತೆ. ಕಾಗುಣಿತ ಕಲಿತಾ ಕಲಿತಾ ಕ, ಕಿ, ಕು ಮೂರರಲ್ಲೂ ಏನೋ ಒಂದು ಸಮ ಇದೆಯಲ್ಲ ಅಂತ ಮಗುಗೇ ಹೊಳೆಯುತ್ತೆ.

ಹೆಜ್ಜೆ 3: ಅಆಇಈ ಕ್ರಮ ಬಿಟ್ಬಿಡಿ

ಇದಕ್ಕೆ ನಮ್ಮ ಮನೇಲಿ ದೊಡ್ಡ ಗಲಾಟೆ ಆಯ್ತು, "ನಾವೆಲ್ಲ ಹಂಗೇ ಕಲ್ತಿಲ್ವಾ" ಅಂತ. ವರ್ಣಮಾಲೆ ಅದ್ಭುತವಾದ ಜೋಡಣೆ, ಗಂಟಲಿಂದ ತುಟಿವರೆಗೆ ಕ ಚ ಟ ತ ಪ ಅಂತ ಬಾಯೊಳಗಿನ ಜಾಗ ನೋಡಿ ಜೋಡಿಸಿದಾರೆ, ವ್ಯಾಕರಣಕ್ಕೆ ಅದಕ್ಕಿಂತ ಚೆಂದ ಇಲ್ಲ. ಆದ್ರೆ ಓದು ಕಲಿಯೋನಿಗೆ? ಮೊದಲ ಸಾಲು ಕ ಖ ಗ ಘ ಙ. ಇದರಲ್ಲಿ ಎಷ್ಟು ಪದ ಮಾಡ್ತೀರ? 'ಙ' ಇರೋ ಪದನ ಮಗು ಹತ್ತನೇ ಕ್ಲಾಸಿಗೆ ಬರೋವರ್ಗೂ ನೋಡದೇ ಇರಬಹುದು.

ನಮ್ಮ ಸರ್ಕಾರಿ ಶಾಲೆಗಳಲ್ಲಿ ಇದಕ್ಕೆ ಉತ್ತರ ಆಗಲೇ ಇದೆ. 1995ರಲ್ಲಿ ಮೈಸೂರು ಜಿಲ್ಲೆ ಹೆಗ್ಗಡದೇವನಕೋಟೆ ತಾಲೂಕಲ್ಲಿ ಶುರುವಾದ ನಲಿ-ಕಲಿ ಪದ್ಧತಿಯಲ್ಲಿ ಅಕ್ಷರ ಶುರುವಾಗೋದು ರ ಗ ಸ ದ ಅ ಇಂದ, ಆಮೇಲೆ ಜ ವ ಮ ಬ ನ. ಇಂಗ್ಲಿಷ್ ಮೀಡಿಯಂಗೆ ಸಾವಿರಾರು ರೂಪಾಯಿ ಕಟ್ಟೋ ನಮಗೆ ಇದು ಗೊತ್ತೇ ಇಲ್ಲ, ಕೆಲಸದವರ ಮಗಳು ಓದೋ ಸರ್ಕಾರಿ ಶಾಲೇಲಿ ಇದೆ. ಐದೇ ಅಕ್ಷರ ಕಲಿತ ದಿನವೇ ಮಗು ಸರ, ರಸ, ದರ, ಅರಸ, ಅಗಸ, ಗರಗಸ ಅಂತ ನಿಜವಾದ ಪದ ಓದುತ್ತೆ. ಹತ್ತು ಆದ್ಮೇಲೆ ಜನ, ದನ, ಮರ, ವನ, ಗಮನ, ಬಸವ, ಅಷ್ಟೇ ಅಲ್ಲ ಪದದ ಸಾಲುಗಳೂ: 'ಅರಸನ ಮಗನ ಸರ', 'ಅಗಸನ ದನ', 'ಬಸವನ ಗರಗಸ'. ಕಾಗುಣಿತ ಒತ್ತು ಏನೂ ಇಲ್ಲ, ಆದ್ರೂ ಓದು. ನನ್ನ ಮಗ ಅಕ್ಷರ ಎಲ್ಲಾ ಗೊತ್ತಿದ್ದವನೇ, ಆದ್ರೂ ಹಿಂದಕ್ಕೆ ಹೋಗಿ ಇಲ್ಲಿಂದಲೇ ಶುರು ಮಾಡ್ದೆ, ಯಾಕಂದ್ರೆ ಅವನಿಗೆ ಅಕ್ಷರ ಬರ್ತಿದ್ದಿದ್ದು ಸಾಲಿನಲ್ಲಿ ಮಾತ್ರ. 'ಬ' ತೋರಿಸಿದ್ರೆ ಮನಸ್ಸಲ್ಲೇ ಪ ಫ ಅಂತ ಎಣಿಸ್ಕೊಂಡು ಬಂದು ಹೇಳ್ತಿದ್ದ, ತುಟಿ ಅಲ್ಲಾಡೋದು ಕಾಣ್ತಿತ್ತು.

ಹಳೇ ವೆಡ್ಡಿಂಗ್ ಕಾರ್ಡ್ ಕತ್ತರಿಸಿ ಒಂದೊಂದರಲ್ಲಿ ಒಂದೊಂದು ಅಕ್ಷರ ಬರೀರಿ, ಕಲಸಿ, ದಿನಾ ಐದು ನಿಮಿಷ. ನೋಡಿದ ತಕ್ಷಣ ಹೇಳಿದ್ರೆ ಮಾತ್ರ ಆ ಕಾರ್ಡ್ ಗೆದ್ದ ಹಾಗೆ.

ಒಂದೇ ಥರ ಕಾಣೋ ಅಕ್ಷರಗಳನ್ನ ಒಂದೇ ವಾರದಲ್ಲಿ ಕೊಡ್ಬೇಡಿ. ಪ, ಷ, ಫ; ದ, ಧ; ಬ, ಭ; ಮ ಮತ್ತು ವು. ಇಂಗ್ಲಿಷ್ ಮಕ್ಕಳಿಗೆ ಬಿ, ಡಿ ಕನ್ನಡೀಲಿ ನೋಡ್ದಂಗೆ ಉಲ್ಟಾ ಆಗೋ ಕಾಟ. ಫ್ರಾನ್ಸಿನ ಮಿದುಳು ವಿಜ್ಞಾನಿ ಸ್ಟಾನಿಸ್ಲಾಸ್ ಡಿಹೇನ್ ಇದಕ್ಕೆ ಕೊಡೋ ಕಾರಣ ಮಜವಾಗಿದೆ: ಓದೋಕೆ ಅಂತ ಮಿದುಳಲ್ಲಿ ಹುಟ್ಟಿನಿಂದ ಯಾವ ಜಾಗನೂ ಇಲ್ಲ, ಮುಖ, ವಸ್ತು ಎಲ್ಲಾ ಗುರುತಿಸೋ ಎಡಗಡೆಯ ಒಂದು ಜಾಗನ ನಾವು ಅಕ್ಷರಕ್ಕೆ ಬಾಡಿಗೆಗೆ ತಗೋತೀವಿ, ಆ ಹಳೇ ಜಾಗಕ್ಕೆ ಲೋಟ ಎಡಕ್ಕೆ ತಿರುಗಿದ್ರೂ ಬಲಕ್ಕೆ ತಿರುಗಿದ್ರೂ ಲೋಟವೇ. ನಮ್ಮಲ್ಲಿ ಕನ್ನಡಿ ಕಾಟ ಕಡಿಮೆ, ಸಣ್ಣ ಗೀಟಿನ ಕಾಟ ಜಾಸ್ತಿ. ಹೊಟ್ಟೆ ಸೀಳಿದ್ಯಾ, ಬಾಲ ಇದ್ಯಾ ಅಂತ ನೋಡೋ ಅಭ್ಯಾಸ ಆಗ್ಬೇಕು, ಅದಕ್ಕೆ ಬೆರಳಲ್ಲಿ ತಿದ್ದೋದು, ರಾಗಿ ಹಿಟ್ಟಿನ ತಟ್ಟೇಲಿ ಬರೆಯೋದು ಒಳ್ಳೇದು.

ಅಂದಂಗೆ ಈ ಬಾಡಿಗೆ ಜಾಗ ದೊಡ್ಡೋರಾದ್ಮೇಲೂ ಸಿಗುತ್ತೆ. 2010ರಲ್ಲಿ ಡಿಹೇನ್ ತಂಡ ಪೋರ್ಚುಗಲ್, ಬ್ರೆಜಿಲ್‌ನಲ್ಲಿ ದೊಡ್ಡವರಾದ್ಮೇಲೆ ಓದು ಕಲಿತವರ ಮಿದುಳನ್ನೂ ನೋಡಿ ಬದಲಾವಣೆ ಕಂಡಿತ್ತು. ಮನೇಲಿ ಓದು ಬರದ ಹಿರಿಯರಿದ್ರೆ ಮಗು ಪಕ್ಕ ಅವರನ್ನೂ ಕೂರಿಸ್ಕೊಳ್ಳಿ.

ಹೆಜ್ಜೆ 4: ಊಹೆ ಬೇಡ, ಬಿಡಿಸಿ ಓದ್ಲಿ

ಚಿತ್ರದಲ್ಲಿ ಹಸು ಇತ್ತು, ಕೆಳಗೆ 'ದನ' ಅಂತ ಬರ್ದಿತ್ತು. ನನ್ನ ಮಗ ಟಕ್ ಅಂತ "ಹಸು" ಅಂದ. ನಾನು ಶಭಾಷ್ ಅಂದ್ಬಿಟ್ಟೆ, ಪುಟ ತಿರುಗಿಸಿದ್ಮೇಲೆ ಹೊಳೀತು ಅವನು ಓದೇ ಇಲ್ಲ ಅಂತ.

ಇದರ ಹಿಂದೆ ಒಂದು ದೊಡ್ಡ ಜಗಳವೇ ಇದೆ. 1967ರಲ್ಲಿ ಅಮೆರಿಕದ ಕೆನೆತ್ ಗುಡ್‌ಮನ್ ಓದೋದು ಅಂದ್ರೆ ಒಂಥರಾ ಊಹೆಯ ಆಟ, ಚಿತ್ರ, ಸಂದರ್ಭ, ಮೊದಲ ಅಕ್ಷರ ನೋಡಿ ಮುಂದಿಂದು ಊಹಿಸ್ತೀವಿ ಅಂದ್ರು. ಕೇಳೋಕೆ ಚೆನ್ನಾಗಿದೆ, ತುಂಬಾ ಟೀಚರ್‌ಗಳು ನಂಬಿದ್ರು. ಆಮೇಲೆ ಕೀತ್ ರೇನರ್ ಥರದವರು ಓದೋರ ಕಣ್ಣನ್ನೇ ಯಂತ್ರದಲ್ಲಿ ಅಳೆದು ನೋಡಿದ್ರು. ಕಣ್ಣು ಸಾಲಿನ ಮೇಲೆ ಜಾರ್ಕೊಂಡು ಹೋಗಲ್ಲ, ಮಿಡತೆ ಥರ ಜಿಗಿಯುತ್ತೆ, ನಿಲ್ಲುತ್ತೆ, ಜಿಗಿಯುತ್ತೆ. ಪ್ರತಿ ನಿಲುಗಡೆ ಸುಮಾರು ಕಾಲು ಸೆಕೆಂಡು. ಚೆನ್ನಾಗಿ ಓದೋರು ಮುಖ್ಯ ಪದಗಳಲ್ಲಿ ಹೆಚ್ಚುಕಮ್ಮಿ ಎಲ್ಲದರ ಮೇಲೂ ನಿಲ್ತಾರೆ, ಅಕ್ಷರ ಅಕ್ಷರನೂ ನೋಡ್ತಾರೆ, ಅಷ್ಟು ಬೇಗ ಆಗೋದರಿಂದ ನಮಗೆ ಗೊತ್ತಾಗಲ್ಲ ಅಷ್ಟೇ. ಊಹೆ ಮಾಡೋದು ಓದು ಸರಿಯಾಗಿ ಬರದೇ ಇರೋರ ಊರುಗೋಲು. ಕನ್ನಡದಲ್ಲಂತೂ ಊಹೆ ಮಾಡೋ ಅಗತ್ಯವೇ ಇಲ್ಲ, ಬರ್ದಿದ್ದು ಹಂಗೇ ಓದಿದ್ರೆ ಆಯ್ತು, ಇಂಗ್ಲಿಷ್ ಥರ ಬರೆಯೋದೊಂದು ಓದೋದೊಂದು ಇಲ್ಲ (ಒತ್ತಕ್ಷರದ ಕ್ರಮ ಒಂದು ಬಿಟ್ಟು, ಅದು 6ನೇ ಹೆಜ್ಜೇಲಿ).

ಹಂಗಾಗಿ ಕಲಿಯೋ ಹೊತ್ತಲ್ಲಿ ಚಿತ್ರದ ಮೇಲೆ ಕೈ ಇಡಿ, ಓದಿ ಆದ್ಮೇಲೆ ಕೈ ತೆಗೀರಿ, ಚಿತ್ರ ಆಗ ಉತ್ತರ ಪತ್ರಿಕೆ ಥರ ಆಗುತ್ತೆ. ಗ, ಮ, ನ ಅಂತ ಕುಂಟ್ಕೊಂಡು ಓದಿದ್ರೆ "ಈಗ ಸೇರಿಸಿ ಹೇಳು" ಅನ್ನಿ, ಮೂರು ಅಕ್ಷರದ ಪದಕ್ಕೆ ಮೊದಲೆರಡು ಸೇರಿಸಿ ಆಮೇಲೆ ಮೂರನೇದು. ತಡವರಿಸಿದ ತಕ್ಷಣ ನೀವು ಪದ ಹೇಳ್ಬೇಡಿ, ಮನಸ್ಸಲ್ಲಿ ಐದು ಎಣಿಸಿ. ಕಷ್ಟ ಇದು, ಬಾಯಿ ತುರಿಸುತ್ತೆ. ಆದ್ರೆ ಡೇವಿಡ್ ಶೇರ್ 1995ರಲ್ಲಿ ಹೇಳಿದ ಮಾತು ನಂಗೆ ಇಷ್ಟ: ಮಗು ತಾನೇ ಒಂದು ಪದನ ಬಿಡಿಸಿ ಓದಿದ ಪ್ರತಿ ಸಲವೂ ತನಗೆ ತಾನೇ ಪಾಠ ಮಾಡ್ಕೊಳುತ್ತೆ, ಕೆಲವೇ ಸಲ ಹಂಗಾದ್ಮೇಲೆ ಆ ಪದ ನೋಡಿದ ಕೂಡ್ಲೇ ಗುರುತು ಸಿಗುತ್ತೆ. ನಾವು ಹೇಳ್ಕೊಟ್ಟ ಪದಕ್ಕೆ ಆ ಲಾಭ ಇಲ್ಲ.

ಹೆಜ್ಜೆ 5: ಕಾಗುಣಿತನ ಅಡ್ಡಡ್ಡ ಕೊಡಿ

ವರ್ಣಮಾಲೇಲಿ 49 ಅಕ್ಷರ, ಅದರಲ್ಲಿ ಸ್ವರ 13, ಯೋಗವಾಹ 2, ವ್ಯಂಜನ 34. ಆದ್ರೆ ಮಗು ಗುರುತಿಸ್ಬೇಕಾದ ಆಕಾರ 49 ಅಲ್ಲ, 34ನ್ನ 13ರಿಂದ ಗುಣಿಸಿ, 442, ಒತ್ತಕ್ಷರ ಇನ್ನೂ ಸೇರಿಸಿಲ್ಲ. ಇಂಗ್ಲಿಷ್ 26ರಲ್ಲಿ ಮುಗಿಯುತ್ತೆ, ಕನ್ನಡ ಯಾಕೆ ಇಷ್ಟು ನಿಧಾನ ಅಂತ ಮಗುನ ಬೈಯೋ ಮುಂಚೆ ಈ ಲೆಕ್ಕ ನೆನಪಿರ್ಲಿ.

'ಕ ತಲೆಕಟ್ಟು ಕ, ಕ ಇಳಿ ಕಾ, ಕ ಗುಡಿಸು ಕಿ' ಹಾಡು ಚೆನ್ನಾಗಿದೆ, ಚಿಹ್ನೆ ಹೆಸರು ಬಾಯಿಗೆ ಬರುತ್ತೆ, ಆದ್ರೆ ಓದುವಾಗ ಆ ಹೆಸರು ಅಡ್ಡ ಬರುತ್ತೆ. 'ಜ ತಲೆಕಟ್ಟು ಜ' ಅಂತ ಹಾಡ್ತೀವಲ್ಲ, ಜ, ಟ, ಬ, ಲ ನೋಡಿ, ತಲೆ ಮೇಲೆ ತಲೆಕಟ್ಟೇ ಇಲ್ಲ! ನನ್ನ ಮಗ ಇದನ್ನ ಕೇಳಿದಾಗ ನಂಗೂ ಆವಾಗ್ಲೇ ಗೊತ್ತಾಗಿದ್ದು.

ಉದ್ದಕ್ಕೆ ಕ ಕಾ ಕಿ ಕೀ ಬದಲು ಅಡ್ಡಕ್ಕೆ ಹೋಗಿ. ಈ ವಾರ ಬರೀ ಇಳಿ: ಕಾ ಗಾ ಮಾ ಸಾ ನಾ. ಕಾರ, ಮಾವ, ದಾರ, ನಾಗ, ಬಾವಾಜಿ ಅಲ್ಲ ಬಾವಾಜಿಗೆ ಗುಡಿಸು ಬೇಕು, ಅದು ಮುಂದಿನ ವಾರ. ಒಂದು ಚಿಹ್ನೆ ಎಲ್ಲಾ ಅಕ್ಷರಕ್ಕೂ ಒಂದೇ ಕೆಲಸ ಮಾಡುತ್ತೆ ಅಂತ ತಿಳಿದ್ರೆ 442 ಆಕಾರ ಬಾಯಿಪಾಠ ಮಾಡೋ ಅಗತ್ಯ ಹೋಗುತ್ತೆ. ಜೋಡಿ ಪದ ಇಟ್ಟು ಆಟ: ಮರ-ಮಾರ, ಕರ-ಕಾರ, ಹಲ-ಹಾಲ, ಬಲ-ಬಾಲ. ದೀರ್ಘ ತಪ್ಪಿದ್ರೆ ಅರ್ಥವೇ ಹೋಗುತ್ತೆ ಅಂತ 'ಬಲ' 'ಬಾಲ' ನೋಡಿದ ಮಗುಗೆ ಬೇರೆ ಹೇಳ್ಬೇಕಾಗಿಲ್ಲ. ಆಮೇಲೆ ತರಲೆಗಳು: ಪು, ವು ಇವಕ್ಕೆ ಕೊಂಬು ಪಕ್ಕದಲ್ಲಿ ಇರದೆ ಕೆಳಗೆ ಇಳಿಯುತ್ತೆ; ಮೊ, ಯೊ ಬೇರೆಯವರ ಥರ ಇಲ್ಲ. ಇವನ್ನ ಪ್ರತ್ಯೇಕ ಕಾರ್ಡ್ ಮಾಡಿ ಇಟ್ಕೊಳ್ಳಿ.

ಹೆಜ್ಜೆ 6: ಒತ್ತಕ್ಷರ, ಅಂದ್ರೆ ಆ ಕಬ್ಬಿನ ಗಾಡಿ

ಈಗ 'ಕಬ್ಬಿನ' ಅನ್ನೋದನ್ನ ಮತ್ತೆ ನೋಡಿ, ಮಗು ಕಣ್ಣಲ್ಲಿ ನೋಡಿ. ಕ ಆದ್ಮೇಲೆ ಮೇಲ್ಗಡೆ 'ಬಿ' ಇದೆ, ಗುಡಿಸು ಅದರ ತಲೆ ಮೇಲೇ ಇದೆ. ಕೆಳಗಡೆ ಪುಟ್ಟ 'ಬ'. ಕಣ್ಣಿಗೆ ಕಂಡಿದ್ದು ಬಿ, ಬ. ಆದ್ರೆ ಹೇಳ್ಬೇಕಾದ್ದು ಬ್-ಬಿ, ಮೇಲಿರೋದು ಅರ್ಧ ಆಗಿ, ಅದರ ತಲೆ ಮೇಲಿನ ಗುಡಿಸು ಕೆಳಗಿನವನಿಗೆ ಸೇರ್ಬೇಕು. ಅಂದ್ರೆ ಬರೆಯೋ ಕ್ರಮ ಬೇರೆ, ಹೇಳೋ ಕ್ರಮ ಬೇರೆ. 'ಕಬಿಬನ ಹಾಲು' ಅಂದ ನನ್ನ ಮಗ ತಪ್ಪು ಓದಿರ್ಲಿಲ್ಲ, ಕಂಡಿದ್ದನ್ನ ಕಂಡ ಹಾಗೆ ಓದಿದ್ದ, ಈ ಒಂದು ಗುಟ್ಟನ್ನ ಯಾರೂ ಅವನಿಗೆ ಹೇಳಿರ್ಲಿಲ್ಲ ಅಷ್ಟೇ. ನಾನು ನಕ್ಕಿದ್ದಕ್ಕೆ ಈಗ್ಲೂ ಬೇಜಾರಿದೆ.

ನಾನು ಮಾಡಿದ ಕ್ರಮ ಹೇಳ್ತೀನಿ. ಮೊದಲು ಒಂದು ಅಕ್ಷರಕ್ಕೆ ಅದರದೇ ಒತ್ತು ಬರೋ ಪದಗಳು, ಅದೂ ಮನೆಯೋರು: ಅಕ್ಕ, ಅಜ್ಜ, ಅಪ್ಪ, ಅಮ್ಮ, ಅಣ್ಣ. ಬಾಯಿಗೆ ಗೊತ್ತಿರೋ ಪದ ಆದ್ರಿಂದ ಕಣ್ಣು ಬೇಗ ಒಪ್ಪಿಕೊಳುತ್ತೆ. ಜೋಡಿ ಇಟ್ಟು: ಹತಿ-ಹತ್ತಿ, ಕಲು-ಕಲ್ಲು, ಎರಡನ್ನೂ ಓದ್ಸಿ, ಒಂದಕ್ಕೆ ಅರ್ಥ ಇಲ್ಲದಿದ್ರೂ ಪರವಾಗಿಲ್ಲ, ಒತ್ತು ಏನು ಮಾಡುತ್ತೆ ಅಂತ ಕಿವಿಗೆ ಗೊತ್ತಾಗುತ್ತೆ. ಆಮೇಲೆ ವೇಷ ಬದಲಿಸೋ ಆರು ಜನ: ತ, ನ, ಮ, ಯ, ರ, ಲ. ಉಳಿದ ಒತ್ತುಗಳು ಹೆಚ್ಚುಕಮ್ಮಿ ಅಕ್ಷರದ ಮರಿ ಥರ ಇರ್ತವೆ, ಈ ಆರು ಮಾತ್ರ ತಮ್ಮ ಮುಖವೇ ಅಲ್ಲ ಅನ್ನೋ ಹಾಗಿರ್ತವೆ, ಅಮ್ಮ, ಅನ್ನ, ಹತ್ತು, ಬೆಲ್ಲ, ಅಯ್ಯೋ, ಚಕ್ರ ಬರೆದು ನೋಡಿ. ಇವಕ್ಕೆ ಎರಡು ವಾರ ಬೇಕಾಯ್ತು ನಮಗೆ. ಅದಾದ್ಮೇಲೆ ಪುಸ್ತಕ, ಚಂದ್ರ ಥರದ ಬೇರೆ ಬೇರೆ ಜೋಡಿ.

ಕೊನೇಗೆ ಅರ್ಕಾವೊತ್ತು. 'ಸೂರ್ಯ'ದಲ್ಲಿ ರ್ ಸದ್ದು ಮೊದಲು, ಯ ಆಮೇಲೆ, ಆದ್ರೆ ಬರೆಯೋದು ಯ ಬರೆದು ಅದರ ಬಲಕ್ಕೆ ಆ ಒಂಬತ್ತರ ಥರದ ಚಿಹ್ನೆ. ಮಕ್ಕಳು 'ಸೂಯರ್' ಅಂತಾರೆ, ಅನ್ನಲೇಬೇಕು, ಎಡದಿಂದ ಬಲಕ್ಕೆ ಓದು ಅಂತ ನಾವೇ ಕಲಿಸಿದ್ದಲ್ವಾ. ಬಣ್ಣದ ಪೆನ್ನಲ್ಲಿ ಅರ್ಕಾವೊತ್ತಿಂದ ಹಿಂದಿನ ಅಕ್ಷರದ ಎಡಕ್ಕೆ ಒಂದು ಬಾಣ ಎಳೀರಿ, ಅಷ್ಟೇ ಟ್ರಿಕ್ಕು.

ಮೂರನೇ ನಾಲ್ಕನೇ ಕ್ಲಾಸಲ್ಲೂ ಒತ್ತಕ್ಷರ ತಪ್ಪಿದ್ರೆ ಗಾಬರಿ ಬೇಡ. ಮೇಲೆ ಹೇಳಿದ ಸೊನಾಲಿ ನಾಗ್ ಅಧ್ಯಯನದಲ್ಲೂ ನಾಲ್ಕನೇ ಕ್ಲಾಸಿನವರೆಗೂ ಮಕ್ಕಳು ಅಕ್ಷರಗಳನ್ನ ಇನ್ನೂ ಕಲೀತಾನೇ ಇದ್ರು.

ಹೆಜ್ಜೆ 7: ಸ್ಪೀಡು

ಬಿಡಿಸಿ ಓದೋಕೆ ಬಂತು, ಆದ್ರೆ ಸಾಲಿನ ಕೊನೆಗೆ ಬರೋ ಹೊತ್ತಿಗೆ ಮೊದಲು ಏನಿತ್ತು ಅಂತ ಮರ್ತಿರುತ್ತೆ. ಗಮನ ಎಲ್ಲಾ ಅಕ್ಷರಕ್ಕೇ ಖರ್ಚಾಗ್ತಿದೆ. ಇದಕ್ಕೆ ಔಷಧ 1979ರಲ್ಲಿ ಜೇ ಸ್ಯಾಮುಯೆಲ್ಸ್ ಹೇಳಿದ್ದು, ಒಂದೇ ಚಿಕ್ಕ ಪುಟನ ಮತ್ತೆ ಮತ್ತೆ ಓದಿಸೋದು. ದಿನಾ ಹೊಸ ಪುಟ ಅಲ್ಲ, ಸೋಮವಾರದ ಪುಟನೇ ಗುರುವಾರದವರೆಗೆ. ಮೊದಲು ನೀವು ಒಂದು ಸಾಲು ಓದಿ, ಅದೇ ಸಾಲು ಮಗು ಓದ್ಲಿ. ಬೋರ್ ಆಗುತ್ತೆ ಅಂದ್ರೆ ಒಂದು ದಿನ ಟಿವಿ ನ್ಯೂಸ್ ಓದೋರ ಥರ, ಒಂದು ದಿನ ಬಸ್ ಕಂಡಕ್ಟರ್ ಥರ. ಮೊಬೈಲಲ್ಲಿ ರೆಕಾರ್ಡ್ ಮಾಡಿ ಸೋಮವಾರದ್ದು ಗುರುವಾರದ್ದು ಕೇಳಿಸಿದ್ರೆ ಯಾವ ಸ್ಟಾರ್ ಸ್ಟಿಕ್ಕರೂ ಬೇಡ.

ನಿಮಿಷಕ್ಕೆ ಇಷ್ಟು ಪದ ಅನ್ನೋ ಇಂಗ್ಲಿಷ್ ಚಾರ್ಟ್ ಕನ್ನಡಕ್ಕೆ ಹಚ್ಚಬೇಡಿ. 'ಮನೆಯಲ್ಲಿದ್ದವರಿಗೆಲ್ಲ', ಇದು ನಮಗೆ ಒಂದು ಪದ, ಇಂಗ್ಲಿಷಲ್ಲಿ ಹೇಳೋಕೆ ಎಂಟು ಪದ ಬೇಕು. ಇಂಥ ರೈಲು ಬಂದಾಗ ಬೋಗಿ ಬಿಡಿಸೋದು ಕಲಿಸಿ: ಮನೆ, ಯಲ್ಲಿ, ಇದ್ದವರಿಗೆ, ಎಲ್ಲ. -ಗಳು, -ಅಲ್ಲಿ, -ಇಂದ, -ಇಗೆ, -ಉತ್ತಾರೆ, ಇಂಥ ಬಾಲಗಳನ್ನ ಒಂದೊಂದು ತುಂಡಾಗಿ ಗುರುತಿಸೋಕೆ ಬಂದ್ರೆ ಓದಿನ ವೇಗ ತಾನಾಗೇ ಏರುತ್ತೆ, ನಮ್ಮಲ್ಲಿ ಅತಿ ಹೆಚ್ಚು ಬದಲಾವಣೆ ಕಂಡಿದ್ದು ಇದರಿಂದ.

ಹೆಜ್ಜೆ 8: ಪುಸ್ತಕದ ಕನ್ನಡ ಕಿವಿಗೆ ಬೀಳ್ಲಿ

ಮನೇಲಿ ಕನ್ನಡವೇ ಮಾತಾಡೋದು, ಆದ್ರೂ ಅರ್ಥ ಆಗ್ತಿಲ್ಲ ಅಂತಾರೆ ಕೆಲವರು. ನಾವು ಮಾತಾಡೋ ಕನ್ನಡ ಪುಸ್ತಕದಲ್ಲಿ ಇಲ್ವಲ್ಲ. 'ಹೋಗ್ತಿದೀನಿ' ಅಂತೀವಿ, ಪುಸ್ತಕದಲ್ಲಿ 'ಹೋಗುತ್ತಿದ್ದೇನೆ'. 'ಬಂದ್ಬಿಟ್ಟ' ಅಂತೀವಿ, ಅಲ್ಲಿ 'ಬಂದುಬಿಟ್ಟನು'. ಧಾರವಾಡದ ಮಗುಗೆ, ಮಂಗಳೂರಿನ ಮಗುಗೆ, ಚಾಮರಾಜನಗರದ ಮಗುಗೆ ಈ ದೂರ ಒಂದೊಂದು ಥರ. ಆ ಪುಸ್ತಕದ ಭಾಷೆ ಕಿವಿಗೆ ಬೀಳೋಕೆ ಇರೋ ದಾರಿ ಒಂದೇ, ನೀವು ಓದಿ ಹೇಳೋದು. ಮಗುಗೆ ಓದೋಕೆ ಬಂತು ಅಂತ ನಿಲ್ಲಿಸ್ಬೇಡಿ, ಅದು ತಾನೇ ಓದೋ ಮಟ್ಟಕ್ಕಿಂತ ಮೇಲಿನ ಕಥೆಗಳನ್ನ ರಾತ್ರಿ ನೀವು ಓದಿ. ಮಧ್ಯೆ ಮಧ್ಯೆ ನಿಲ್ಲಿಸಿ ಪ್ರಶ್ನೆ ಕೇಳ್ತಾ ಪರೀಕ್ಷೆ ಮಾಡ್ಬೇಡಿ, ಗೊತ್ತಿಲ್ಲದ ಪದಕ್ಕೆ ಚಿಟಿಕೆಯಷ್ಟು ಅರ್ಥ ಹೇಳಿ ಮುಂದೆ ಹೋಗಿ. ಮನೇಲಿ ತುಳು, ತೆಲುಗು, ಉರ್ದು, ಕೊಂಕಣಿ ಇದ್ರೆ ಕಥೇನ ಮೊದಲು ಮನೆ ಭಾಷೇಲಿ ಹೇಳಿ, ಆಮೇಲೆ ಕನ್ನಡದಲ್ಲಿ ಓದಿ.

ಪುಸ್ತಕಕ್ಕೆ ದುಡ್ಡು ಸುರೀಬೇಕಾಗಿಲ್ಲ. ಬೆಂಗಳೂರಿನ ಪ್ರಥಮ್ ಬುಕ್ಸ್‌ನವರ ಸ್ಟೋರಿವೀವರ್ ತಾಣದಲ್ಲಿ ಕನ್ನಡ ಕಥೆಗಳು ಪುಕ್ಕಟೆ ಸಿಗ್ತವೆ, ಒಂದರಿಂದ ನಾಲ್ಕರವರೆಗೆ ಮಟ್ಟ ಹಾಕಿದಾರೆ.

ಇನ್ನೊಂದು, ಮಗುಗೆ ಇಷ್ಟದ ವಿಷಯ ಕೊಡಿ. 1988ರಲ್ಲಿ ಅಮೆರಿಕದಲ್ಲಿ ರೆಕ್ಟ್, ಲೆಸ್ಲಿ ಅನ್ನೋ ಸಂಶೋಧಕರು ಮಕ್ಕಳಿಗೆ ಬೇಸ್‌ಬಾಲ್ ಮ್ಯಾಚಿನ ಬಗ್ಗೆ ಓದೋಕೆ ಕೊಟ್ರು. ಓದಿನಲ್ಲಿ ಹಿಂದಿದ್ರೂ ಆಟ ಚೆನ್ನಾಗಿ ಗೊತ್ತಿದ್ದ ಮಕ್ಕಳು, ಓದಿನಲ್ಲಿ ಮುಂದಿದ್ದು ಆಟ ಗೊತ್ತಿಲ್ಲದ ಮಕ್ಕಳಿಗಿಂತ ಚೆನ್ನಾಗಿ ಅರ್ಥ ಮಾಡ್ಕೊಂಡ್ರು. ನಾನು ಪೇಪರಿನ ಕ್ರೀಡಾ ಪುಟ ಕೊಟ್ಟು ನೋಡ್ದೆ, ಕಥೆ ಪುಸ್ತಕದಲ್ಲಿ ನಾಲ್ಕು ಸಾಲಿಗೆ ಸುಸ್ತಾಗೋನು 'ವಿಕೆಟ್ ನಷ್ಟಕ್ಕೆ' ಅಂತ ಇರೋ ಅರ್ಧ ಪುಟ ಮುಗಿಸಿ ಸ್ಕೋರು ತಪ್ಪಾಗಿದೆ ಅಂತ ಜಗಳಕ್ಕೆ ಬಂದ.

ಇಷ್ಟಾದ್ರೂ ಬರ್ಲಿಲ್ಲ ಅಂದ್ರೆ

ಮೊದಲು ಕಣ್ಣು, ಕಿವಿ ಚೆಕ್ ಮಾಡ್ಸಿ, ಎಷ್ಟೋ ಸಲ ಕನ್ನಡಕದಲ್ಲೇ ಮುಗಿಯುತ್ತೆ. ಆರೇಳು ತಿಂಗಳು ದಿನಾ ಕೂತರೂ ಸಾಮಾನ್ಯ ಅಕ್ಷರಗಳೇ ನಿಲ್ತಿಲ್ಲ, ಕಿವಿ ಆಟವೂ ಆಗ್ತಿಲ್ಲ, ಮನೇಲಿ ಬೇರೆಯವರಿಗೂ ಓದಿನ ತೊಂದ್ರೆ ಇತ್ತು ಅಂದ್ರೆ ತಜ್ಞರಿಗೆ ತೋರ್ಸಿ, ಬೆಂಗಳೂರಲ್ಲಿ ನಿಮ್ಹಾನ್ಸ್, ಮೈಸೂರಲ್ಲಿ ಅಖಿಲ ಭಾರತ ವಾಕ್ ಶ್ರವಣ ಸಂಸ್ಥೆ ಇದೆ. ನಿರ್ದಿಷ್ಟ ಕಲಿಕಾ ನ್ಯೂನತೆ 2016ರ ವಿಕಲಚೇತನರ ಹಕ್ಕುಗಳ ಕಾಯ್ದೆಯಲ್ಲೇ ಸೇರಿದೆ. ಸೋಮಾರಿ, ದಡ್ಡ ಅಂತ ಅಂದ್ಕೊಂಡು ವರ್ಷಗಟ್ಟಲೆ ಹೊಡೆದು ಕಲಿಸೋಕೆ ಹೋದವರು ನಮ್ಮ ನೆಂಟರಲ್ಲೇ ಇದಾರೆ, ಆ ಹುಡುಗ ಈಗ ದೊಡ್ಡವನು, ಇವತ್ತಿಗೂ ಮದುವೆ ಕರೆಯೋಲೆ ಕೈಗೆ ಕೊಟ್ರೆ ಪಕ್ಕದವರಿಗೆ ದಾಟಿಸ್ತಾನೆ.

ಟೈಮ್ ಎಷ್ಟು ಅಂತ ಕೇಳ್ತೀರ. ನಾವು ದಿನಾ 20 ನಿಮಿಷ: ಐದು ಕಾರ್ಡು, ಹತ್ತು ಓದು, ಐದು ಆಟ, ರಾತ್ರಿ ಕಥೆ ಬೇರೆ. ಬೇಸಿಗೇಲಿ ಶುರು ಮಾಡಿದ್ದು, ದೀಪಾವಳಿ ಹೊತ್ತಿಗೆ ಬಸ್ ಬೋರ್ಡು, ಸಂಕ್ರಾಂತಿ ಹೊತ್ತಿಗೆ ಪುಟ್ಟ ಕಥೆ. ಈಗ್ಲೂ ಅರ್ಕಾವೊತ್ತು ಕೈ ಕೊಡುತ್ತೆ, ಮೊನ್ನೆ 'ವರ್ಷ'ನ 'ವಷರ್' ಅಂದ, ನಾನು ಬಾಯಿ ಬಿಡೋ ಮುಂಚೆ ತಾನೇ ನಿಂತು, ಬೆರಳಲ್ಲಿ ಗಾಳೀಲಿ ಎಡಕ್ಕೆ ಬಾಣ ಎಳೆದು, "ವರ್ಷ" ಅಂತ ಮುಂದಕ್ಕೆ ಹೋದ.